ಬಾತುಕೋಳಿ ದಾಟಿದ ಪಿಕ್ಚರು

ಟೈರ್ ಅಂಗಡಿಯ ಮೇಲಿನ ಮಹಡಿಯಲ್ಲಿ ಒಂದು ಕಚೇರಿ ಇತ್ತು. ಅಲ್ಲಿ ಕೂತವರ ಕೆಲಸ ಏನೆಂದು ಕೇಳಿದರೆ ನಗು ಬರುತ್ತದೆ, ಆದರೆ ತಿಂಗಳಾದರೆ ಸಂಬಳ ಬರುತ್ತಿದ್ದದ್ದು ನಿಜ. ಯಾರಾದರೂ ಒಂದು ಸಿನಿಮಾದ ಹೆಸರು ಹೇಳಿದರೆ, ಅಂಥದ್ದೊಂದು ಸಿನಿಮಾ ಈ ಭೂಮಿಯ ಮೇಲೆ ಬಂದಿತ್ತೋ ಇಲ್ಲವೋ ಎಂದು ಪತ್ತೆ ಹಚ್ಚುವುದು, ಅಷ್ಟೇ. ಟಿ.ವಿ. ಚಾನೆಲ್‌ನವರು ಕೇಳುತ್ತಿದ್ದರು, ಗ್ರಂಥಾಲಯದವರು ಕೇಳುತ್ತಿದ್ದರು, ಗಂಡ ಹೆಂಡತಿ ಪಂತ ಕಟ್ಟಿಕೊಂಡು ಫೋನು ಮಾಡುವುದೂ ಇತ್ತು. ಖಾತ್ರಿಯಾದ ಹೆಸರುಗಳನ್ನೆಲ್ಲ ಸೇರಿಸಿ ಕಚೇರಿ ಮೊದಲು ದಿಂಬಿನಷ್ಟು ದಪ್ಪದ ಚಿತ್ರಕೋಶವೊಂದನ್ನು ಅಚ್ಚು ಹಾಕಿಸುತ್ತಿತ್ತು. ಈಗ ಅದೆಲ್ಲ ಕಂಪ್ಯೂಟರಿನ ಹೊಟ್ಟೆ ಸೇರಿದೆ.

ಆ ಕಚೇರಿಯ ಹಳೇ ಹುಲಿ ಎಂದರೆ ಅಕ್ಕ. ಎಲ್ಲರೂ ಅವಳನ್ನು ಅಕ್ಕ ಎಂದೇ ಕರೆಯುತ್ತಿದ್ದರು, ಕೆಳಗಿನ ಟೈರ್ ಅಂಗಡಿಯ ಹಲ್ಲಿಲ್ಲದ ಮುದುಕ ಕೂಡ. ತಮಾಷೆ ಏನೆಂದರೆ ಅವಳು ಯಾರಿಗೂ ಅಕ್ಕನಾಗಿ ಹುಟ್ಟಿದವಳಲ್ಲ. ಹುಟ್ಟಿದ್ದು ಒಬ್ಬ ಅಣ್ಣನಿಗೆ ತಂಗಿಯಾಗಿ. ಆ ಅಣ್ಣ ಅವಳನ್ನು ಪುಟ್ಟಿ ಎನ್ನುತ್ತಿದ್ದ. ಹಾಗೆ ಕರೆಯುವ ಬಾಯಿ ಈಗ ಎಲ್ಲಿದೆಯೋ, ಅಸಲು ಇದೆಯೋ ಇಲ್ಲವೋ ಅವಳಿಗೆ ತಿಳಿದಿರಲಿಲ್ಲ.

ಅಪ್ಪ ತೀರಿಕೊಂಡ ಮೇಲೆ ಎರಡು ಕೋಣೆಯ ಬಾಡಿಗೆ ಮನೆಯಲ್ಲಿ ಅವಳೊಬ್ಬಳೇ. ಮದುವೆಯ ಮಾತು ಬಂದಾಗಲೆಲ್ಲ ಅಪ್ಪನನ್ನು ಯಾರು ನೋಡಿಕೊಳ್ಳುವುದು ಎಂಬ ಮಾತೂ ಹಿಂದೆಯೇ ಬಂದು ಕೂತು, ಮೊದಲು ಬಂದದ್ದು ಎದ್ದು ಹೋಗುತ್ತಿತ್ತು. ಸಂಜೆ ಬೀಗ ತೆಗೆದು ಒಳಗೆ ಕಾಲಿಟ್ಟರೆ ಬೆಳಗ್ಗೆ ಕುಡಿದಿಟ್ಟ ಲೋಟ ಇಟ್ಟಲ್ಲೇ ಇರುತ್ತಿತ್ತು. ಯಾರಾದರೂ ಬಂದು ಅದನ್ನು ಒಂದು ಗೇಣು ಆಚೆ ಸರಿಸಿಟ್ಟಿದ್ದರೂ ಸಾಕಿತ್ತು ಅನ್ನಿಸುತ್ತಿತ್ತು. ಮಾತಾಡುವುದು ಮರೆತು ಹೋಗದಿರಲೆಂದು ಕಿರುಗುಟ್ಟುವ ಫ್ಯಾನಿಗೆ ಬೈಯುತ್ತಿದ್ದಳು. ಫ್ಯಾನು ಎದುರುತ್ತರ ಕೊಡುತ್ತಿತ್ತು. ಅಷ್ಟರ ಮಟ್ಟಿಗೆ ಮನೆಯಲ್ಲಿ ಸಂಸಾರ ನಡೆದಿತ್ತು ಎನ್ನಬೇಕು.

ಕಚೇರಿಯಲ್ಲಿ ಮಾತ್ರ ಅವಳ ಮುಂದೆ ಯಾರ ಬೇಳೆಯೂ ಬೇಯುತ್ತಿರಲಿಲ್ಲ. ಇಲ್ಲದ ಸಿನಿಮಾವನ್ನು ಇದೆ ಎಂದು ಸಾಧಿಸಲು ಬಂದವರು ಅವಳ ಎದುರಿನ ಕುರ್ಚಿಯಲ್ಲಿ ಸ್ವಲ್ಪ ಹೊತ್ತು ಕೂತರೆ ಬೆವರುತ್ತಿದ್ದರು. ಬುರುಡೆ ಬಿಡುವವನು ಕಥೆಯನ್ನು ಮೊದಲಿಂದ ಕೊನೆಯವರೆಗೆ ಚಂದವಾಗಿ ಹೇಳುತ್ತಾನೆ. ನಿಜವಾಗಿ ನೋಡಿದವನು ಕಥೆ ಅರ್ಧ ಮರೆತಿರುತ್ತಾನೆ, ಆದರೆ ಅವತ್ತು ಪಕ್ಕದ ಸೀಟಿನವನು ಮೊಣಕೈ ಚುಚ್ಚಿದ್ದನ್ನು ಮಾತ್ರ ಮರೆತಿರುವುದಿಲ್ಲ. ಅವಳು ಕೇಳುತ್ತಿದ್ದದ್ದು ಆ ಮೊಣಕೈಯನ್ನು. ಕಚೇರಿಯ ಕಟ್ಟುನಿಟ್ಟಾದ ನಿಯಮವೂ ಒಂದಿತ್ತು. ಒಬ್ಬರಿಗೊಬ್ಬರು ಪರಿಚಯವಿಲ್ಲದ ಇಬ್ಬರು ನೋಡಿದ್ದೇವೆ ಎಂದು ಹೇಳಬೇಕು, ಆಗಲೇ ಹೆಸರು ಕೋಶದೊಳಗೆ. ನಮ್ಮದನ್ನೇ ನಕಲು ಹೊಡೆದು ಬದುಕುವ ಪುಸ್ತಕ, ವೆಬ್‌ಸೈಟುಗಳು ಸಾಕ್ಷಿಯಲ್ಲ. ಆ ಕಡೆ ತಲೆ ಹಾಕಿ ಮಲಗಲೂಬಾರದು ಎನ್ನುತ್ತಿದ್ದರು ಕಚೇರಿ ಕಟ್ಟಿದ ದೊಡ್ಡವರು.

ಸುಳ್ಳನ್ನು ಮೂಸಿ ಹಿಡಿಯುವ ಈ ವಿದ್ಯೆಯನ್ನು ಅವಳಿಗೆ ಕಲಿಸಿದವನು ಅಣ್ಣನೇ. ಅವನಿಗೆ ಸಿನಿಮಾ ಹುಚ್ಚು. ಟಿಕೆಟ್ಟಿಗೆ ಕಾಸಿಲ್ಲದ ವಾರ ತಾನೇ ಒಂದು ಪಿಕ್ಚರು ಕಟ್ಟಿಕೊಂಡು ಬಂದು, ನೋಡಿದೆ ಎಂದು ತಂಗಿಗೆ ಹೇಳುತ್ತಿದ್ದ. ಹೇಳಿ ಮುಗಿಸಿ, ನಿಜಾನಾ ಬುರುಡೇನಾ ಎಂದು ಕೇಳುತ್ತಿದ್ದ. ಮೊದಮೊದಲು ಅವಳು ಸೋತು ಸೋತು ಅತ್ತಿದ್ದಕ್ಕೆ ಅವನೇ ಒಂದು ಕಾನೂನು ಮಾಡಿದ. ಬುರುಡೆ ಪಿಕ್ಚರಾದರೆ ಅದರಲ್ಲಿ ಎಲ್ಲಾದರೂ ಒಂದು ಕಡೆ ಬಾತುಕೋಳಿ ದಾಟಿ ಹೋಗಲೇಬೇಕು. ಹೊಡೆದಾಟದ ನಡುವೆ, ನ್ಯಾಯಾಲಯದ ಬಾಗಿಲಲ್ಲಿ, ನಾಯಕಿ ಸಾಯುವ ಹೊತ್ತಿನಲ್ಲಿ ಮಂಚದ ಕೆಳಗೆ, ಅಂತೂ ಎಲ್ಲೋ ಒಂದು ಬಾತುಕೋಳಿ ಕಂಡೂ ಕಾಣದಂತೆ ನುಸುಳಿ ಹೋಗುತ್ತಿತ್ತು. ಅವಳು ಕಿವಿ ನೆಟ್ಟಗೆ ಮಾಡಿಕೊಂಡು ಕಾಯುತ್ತಿದ್ದಳು.

ಒಂದೇ ಒಂದು ಸಲ ಬಾತುಕೋಳಿ ಎರಡು ಸಲ ದಾಟಿತು. ಅಮ್ಮ ಆಸ್ಪತ್ರೆಯಲ್ಲಿದ್ದ ವಾರ ಅದು. ಒಬ್ಬ ಹೆಂಗಸು ಮನೆಗೆ ವಾಪಸ್ ಬರುವುದಿಲ್ಲ ಎಂದು ಡಾಕ್ಟರು ಅವಳ ಮಗನಿಗೆ ಮಾತ್ರ ಹೇಳುವ ಪಿಕ್ಚರನ್ನು ಅಣ್ಣ ಹೇಳಿದ. ಎರಡು ಸಲ ಯಾಕೆ ಎಂದು ಅವಳು ಕೇಳಿದಾಗ ಗೋಡೆ ಕಡೆ ತಿರುಗಿಕೊಂಡು ಹೇಳಿದ.

"ಎರಡು ಸಲ ದಾಟಿದ್ರೆ, ಪಿಕ್ಚರು ಬುರುಡೆ. ನಡೆದಿದ್ದು ನಿಜ, ಪುಟ್ಟಿ."

ಅಮ್ಮ ಹೋದ ಮೇಲೆ ಮನೆಯಲ್ಲಿ ಇಬ್ಬರು ಗಂಡಸರು ಹಾವು ಮುಂಗುಸಿಯಾದರು. ಅಪ್ಪನಿಗೆ ಮಾತು ಬರುತ್ತಿರಲಿಲ್ಲ, ಅಣ್ಣನಿಗೆ ಮಾತು ಬಿಟ್ಟರೆ ಬೇರೇನೂ ಬರುತ್ತಿರಲಿಲ್ಲ. ಸಿಕ್ಕ ಕೆಲಸ ಬಿಟ್ಟು ಸಿನಿಮಾದವರ ಹಿಂದೆ ಅಲೆಯುತ್ತೇನೆ ಎಂದ ದಿನ ಅಪ್ಪ, ಅಕ್ಕಪಕ್ಕದವರ ಎದುರೇ, ಹೊಸಿಲು ದಾಟಿದರೆ ನನ್ನ ಪಾಲಿಗೆ ಸತ್ತೆ ಎಂದುಬಿಟ್ಟ. ಅಣ್ಣ ಉಟ್ಟ ಬಟ್ಟೆಯಲ್ಲಿ ಹೋದ. ನಾಲ್ಕು ದಿನ ಬಿಟ್ಟು ಪಕ್ಕದ ಮನೆಯವರ ಮೂಲಕ ತಂಗಿಗೆ ಹೇಳಿ ಕಳಿಸಿದ. ಭಾನುವಾರ ಬಸ್ ನಿಲ್ದಾಣದಲ್ಲಿ ಗಡಿಯಾರದ ಎದುರಿನ ಬೆಂಚಿಗೆ ನನ್ನ ಬಟ್ಟೆಬರೆ ತಾ, ಮಾತಾಡುವುದಿದೆ, ಅಪ್ಪನಿಗೆ ಹೇಳಬೇಡ.

ಅವಳು ಹೇಳಲಿಲ್ಲ. ಬ್ಯಾಗನ್ನು ತೊಡೆಯ ಮೇಲಿಟ್ಟುಕೊಂಡು ಬೆಳಗ್ಗೆಯಿಂದ ಬಸ್ಸುಗಳು ದೀಪ ಹಚ್ಚುವವರೆಗೆ ಕೂತಳು. ಅಣ್ಣ ಬರಲಿಲ್ಲ. ನಡುವೆ ಒರಗುಹಲಗೆ ಇದ್ದು ಎರಡೂ ಕಡೆ ಕೂರಬಹುದಾದ ಆ ಬೆಂಚಿಗೆ ಅದೇ ತಾನೇ ಹಸಿರು ಬಣ್ಣ ಬಳಿದಿದ್ದರೆಂದು ಎದ್ದಾಗಲೇ ಗೊತ್ತಾದದ್ದು. ಲಂಗದ ಹಿಂಭಾಗವೆಲ್ಲ ಬಣ್ಣ. ಮಾರನೆಯ ದಿನ ಆ ಲಂಗ ನೆನೆಸಿದ ಬಕೆಟ್ಟಿನಲ್ಲೇ ಅಪ್ಪನ ಬಿಳಿ ಅಂಗಿಯೂ ಇತ್ತು, ಮದುವೆಮನೆಗೆ ಹೋಗುವಾಗ ಮಾತ್ರ ತೊಡುತ್ತಿದ್ದ ಒಂದೇ ಒಂದು ಒಳ್ಳೆಯ ಅಂಗಿ. ಅದಕ್ಕೂ ಬಣ್ಣ ಹತ್ತಿತ್ತು. ತಾನೇ ಹಾಳು ಮಾಡಿದೆನೆಂದು ಅವಳು ಅಳುತ್ತ ನಿಂತಿದ್ದರೆ ಅಪ್ಪ ಬೈಯಲಿಲ್ಲ. ಹೋಗ್ಲಿ ಬಿಡು ಎಂದು ಹೊರಗೆ ಹೋದ. ಆಮೇಲೆ ಅಣ್ಣನ ಸುದ್ದಿ ಅಪ್ಪನೂ ಎತ್ತಲಿಲ್ಲ, ಅವಳೂ ಎತ್ತಲಿಲ್ಲ. ಬಾಡಿಗೆ ಮನೆಗಳು ಬದಲಾದವು. ಅಪ್ಪ ಹೋದಾಗ ಪತ್ರಿಕೆಯಲ್ಲಿ ಹಾಕಿಸಿದ ಸುದ್ದಿ ನೋಡಿಯೂ ಯಾರೂ ಬರಲಿಲ್ಲ. ಅವನು ಯಾಕೆ ಬರಲಿಲ್ಲ ಎಂಬ ಒಂದೇ ಪ್ರಶ್ನೆಯನ್ನು ಇಟ್ಟುಕೊಂಡು ಅವಳ ಕೂದಲು ಬೆಳ್ಳಗಾಯಿತು.

ಇನ್ನು ಬೇಲಿ ಚಿತ್ರದ ವಿಷಯ ಹೇಳಬೇಕು. ಕಳ್ಳರನ್ನು ಹಿಡಿಯಲು ದೊಡ್ಡವರು ಒಂದು ಉಪಾಯ ಮಾಡಿದ್ದರು. ಪ್ರತಿ ಸಲ ಕೋಶ ಅಚ್ಚಾಗುವಾಗ ಅದರೊಳಗೆ ಹುಟ್ಟೇ ಇಲ್ಲದ ಒಂದು ಸಿನಿಮಾವನ್ನು ಸೇರಿಸುತ್ತಿದ್ದರು. ಬೇರೆ ಯಾರ ಪುಸ್ತಕದಲ್ಲಾದರೂ ಆ ಹೆಸರು ಕಾಣಿಸಿತೋ, ಅವರು ನಮ್ಮ ಹೊಲಕ್ಕೆ ನುಗ್ಗಿದ್ದಾರೆ ಎಂದರ್ಥ. ಅದಕ್ಕೇ ಬೇಲಿ ಎಂಬ ಹೆಸರು. ಯಾವುದು ಬೇಲಿ ಎಂಬುದು ಅದನ್ನು ಬರೆದವರಿಗೆ ಮತ್ತು ದೊಡ್ಡವರಿಗೆ ಮಾತ್ರ ಗೊತ್ತಿರುತ್ತಿತ್ತು, ಎಲ್ಲೂ ಬರೆದಿಡುತ್ತಿರಲಿಲ್ಲ.

ಒಂದು ವರ್ಷ ಆ ಕೆಲಸ ಅವಳಿಗೆ ಬಂತು. ಅವಳು ಒಂದು ಮಧ್ಯಾಹ್ನ ಕೂತು ‘ಹಸಿ ಬಣ್ಣ’ ಎಂಬ ಚಿತ್ರ ಹುಟ್ಟಿಸಿದಳು. ಕಥಾಸಾರ ನಾಲ್ಕೇ ಸಾಲು. ಮನೆ ಬಿಟ್ಟ ಅಣ್ಣನಿಗಾಗಿ ತಂಗಿ ಬಸ್ ನಿಲ್ದಾಣದಲ್ಲಿ ಹಸಿ ಬಣ್ಣದ ಬೆಂಚಿನ ಮೇಲೆ ಕಾಯುತ್ತಾಳೆ. ಜನರ ಕಾಲಡಿಯಲ್ಲಿ ಒಂದು ಬಾತುಕೋಳಿ ದಾಟಿ ಹೋಗುತ್ತದೆ. ಸಂಜೆಯಾಗುತ್ತದೆ. ಅಣ್ಣ ಬಂದು ಪಕ್ಕದಲ್ಲಿ ಕೂರುತ್ತಾನೆ. ಓದಿದ ದೊಡ್ಡವರು ಬಾತುಕೋಳಿ ಯಾಕೆ ಎಂದು ಕೇಳಿದಾಗ, ಕಳ್ಳರಿಗೆ ಅನುಮಾನ ಬರದಿರಲಿ ಅಂತ ಎಂದಳು. ಅವರೂ ಒಪ್ಪಿದರು. ಬೇರೆಯವರು ಬೇಲಿ ಹಾಕಿದ್ದು ಕಳ್ಳರಿಗೆ. ಅವಳು ಹಾಕಿದ್ದು ಒಬ್ಬನೇ ಒಬ್ಬನಿಗೆ. ಸಿನಿಮಾ ಹುಚ್ಚಿನವನು ಎಂದಾದರೂ ಈ ಕೋಶ ಬಿಡಿಸದೆ ಇರುತ್ತಾನೆಯೇ? ಬಿಡಿಸಿದರೆ ಬಾತುಕೋಳಿಯ ಗುರುತು ಹಿಡಿಯದೆ ಇರುತ್ತಾನೆಯೇ? ಕೆಲವು ವರ್ಷ ಕಚೇರಿಗೆ ಬರುವ ಒಂದೊಂದು ಅಂಚೆಯನ್ನೂ ಅವಳೇ ಒಡೆದು ನೋಡಿದಳು. ಆಮೇಲೆ ಅಂಚೆಯೇ ಬರುವುದು ನಿಂತಿತು.

ದೊಡ್ಡವರು ಹೋದ ಮೇಲೆ ಕಚೇರಿ ಅವರ ಸೊಸೆಯ ಕೈಗೆ ಬಂತು. ವಯಸ್ಸು ಚಿಕ್ಕದು, ಕೆಲಸ ಚುರುಕು, ಮಾತು ಮೆತ್ತಗೆ. ಎಲ್ಲರೂ ಮೇಡಂ ಎನ್ನುತ್ತಿದ್ದರು, ಅಕ್ಕನೂ. ಒಂದು ದಿನ ಅವಳು ಅಕ್ಕನ ಮೇಜಿನ ಹತ್ತಿರ ಬಂದು, ಒಂದು ಚಾನೆಲ್‌ನವರು ‘ಹಸಿ ಬಣ್ಣ’ ಎಂಬ ಸಿನಿಮಾದ ಪ್ರತಿ ಎಲ್ಲಿ ಸಿಗುತ್ತದೆ ಎಂದು ಕೇಳಿದ್ದಾರೆ, ಯಾವುದೋ ಪ್ರೇಕ್ಷಕರ ವೆಬ್‌ಸೈಟಿನಲ್ಲಿ ನೋಡಿದರಂತೆ ಎಂದಳು. ನಮ್ಮ ಕೋಶದಲ್ಲೂ ಹೆಸರಿದೆ, ಆದರೆ ಯಾರು ನೋಡಿದ್ದರು ಎಂಬುದಕ್ಕೆ ಒಂದು ಚೀಟಿಯೂ ಇಲ್ಲ. ನೀವೇ ವಿಚಾರಿಸಿ, ಇಲ್ಲ ಅಂದರೆ ಕಿತ್ತುಹಾಕೋಣ ಎಂದು ಹೇಳಿ ಹೋದಳು.

ಅಕ್ಕ ಬೇಲಿ ಎಂದು ಒಂದು ಮಾತು ಹೇಳಿದ್ದರೆ ಅಲ್ಲಿಗೇ ಮುಗಿಯುತ್ತಿತ್ತು. ಹೇಳಲು ನಾಲಿಗೆ ಏಳಲಿಲ್ಲ. ಹೇಳಿದರೆ ಅಣ್ಣನಿಗೆಂದು ತೆರೆದಿಟ್ಟ ಬಾಗಿಲನ್ನು ತನ್ನ ಕೈಯಾರೆ ಮುಚ್ಚಿದಂತೆ. ಅಷ್ಟು ವರ್ಷ ಯಾರೂ ಬರದ ಬಾಗಿಲು ಅದು ಎಂಬುದು ಗೊತ್ತಿದ್ದೂ ಅವಳಿಗೆ ಹಾಗನ್ನಿಸಿತು. ಊಟದ ಡಬ್ಬಿಯನ್ನು ತೆರೆದು ಮತ್ತೆ ಮುಚ್ಚಿಟ್ಟಳು.

ಕದ್ದ ಮಾಲು ಹೇಗಿದೆ ನೋಡೋಣ ಎಂದುಕೊಂಡು, ಸರ್ವೀಸಿನಲ್ಲೇ ಮೊದಲ ಸಲ ಅವಳು ಅಂಥ ವೆಬ್‌ಸೈಟೊಂದನ್ನು ತೆರೆದಳು. ಅಕ್ಷರ ಅಕ್ಷರವೂ ನಕಲು. ಅವಳು ಬರೆದ ನಾಲ್ಕೂ ಸಾಲು, ಬಾತುಕೋಳಿ ಸಮೇತ. ನಾಚಿಕೆಯಿಲ್ಲದವರು ಎಂದು ಬೈದುಕೊಂಡು ಕೆಳಗೆ ಸರಿಸಿದರೆ, ಅಲ್ಲಿ ಪ್ರೇಕ್ಷಕರು ಬರೆಯುವ ಜಾಗದಲ್ಲಿ ಒಂದೇ ಒಂದು ಬರಹವಿತ್ತು. ಬರೆದು ನಾಲ್ಕು ವರ್ಷವಾಗಿತ್ತು. ಬರೆದವನ ಹೆಸರಿರಲಿಲ್ಲ.

"ಇಲ್ಲಿ ಹಾಕಿರುವ ಕೊನೆ ತಪ್ಪು. ನಾನು ಈ ಚಿತ್ರ ನೋಡಿದ್ದೇನೆ. ಅಣ್ಣ ಬರುತ್ತಾನೆ, ಆದರೆ ಕೂರುವುದಿಲ್ಲ. ಗಡಿಯಾರದ ಕಂಬದ ಹಿಂದೆ ನಿಂತು ನೋಡುತ್ತಾನೆ. ಬೆಂಚಿನ ಈ ಕಡೆ ತಂಗಿ, ಅದೇ ಬೆಂಚಿನ ಆ ಕಡೆ, ಅವಳ ಬೆನ್ನಿಗೆ ಬೆನ್ನು ಮಾಡಿ ಬಿಳಿ ಅಂಗಿಯ ಅಪ್ಪ, ಮುಖಕ್ಕೆ ಪೇಪರ್ ಅಡ್ಡ. ಹೇಳಬೇಡ ಅಂದಿದ್ದರೂ ತಂಗಿ ಅಪ್ಪನನ್ನು ಕರೆದುಕೊಂಡೇ ಬಂದಿದ್ದಾಳೆ. ಅಣ್ಣ ಬಂದ ಬಸ್ಸಿಗೇ ಹತ್ತಿ ಹೋಗುತ್ತಾನೆ. ಇನ್ನೊಂದು ತಪ್ಪು. ಬಾತುಕೋಳಿ ದಾಟುವುದು ಒಂದು ಸಲ ಅಲ್ಲ, ಎರಡು ಸಲ."

ಅವಳು ಅದನ್ನು ಓದಿದಳು. ಮತ್ತೆ ಓದಿದಳು. ಆಚೆ ಮೇಜಿನವರು ಯಾರೋ ಅಕ್ಕ ಹುಷಾರಾಗಿದ್ದೀರಾ ಎಂದು ಕೇಳಿದ್ದು ಕೇಳಿಸಿತು. ತಲೆನೋವು ಎಂದು ಹೇಳಿ ಎದ್ದು ಮನೆ ಕಡೆ ಹೊರಟಳು. ದಾರಿಯುದ್ದಕ್ಕೂ ಅವಳಿಗೆ ಅಣ್ಣ ಬದುಕಿದ್ದಾನೆ ಎಂಬ ಸಂತೋಷ ಒಂದು ಹೆಜ್ಜೆಗೆ, ಇಷ್ಟು ವರ್ಷ ನನ್ನನ್ನು ಎರಡು ನಾಲಿಗೆಯವಳು ಎಂದುಕೊಂಡಿದ್ದಾನೆ ಎಂಬ ಸಂಕಟ ಮುಂದಿನ ಹೆಜ್ಜೆಗೆ. ಅದರ ಮೇಲೆ ಸಿಟ್ಟೂ ಬಂತು. ಬಂದು ಒಂದು ಮಾತು ಕೇಳಬಾರದಿತ್ತೇ? ನಾನು ಹಾಗೆ ಮಾಡುವವಳೇ? ಅಪ್ಪ ಅಲ್ಲಿಗೆ ಬಂದಿರಲೇ ಇಲ್ಲ. ಬಂದಿದ್ದರೆ ನನಗೆ ಗೊತ್ತಾಗುತ್ತಿರಲಿಲ್ಲವೇ?

ಹೀಗೆ ಜಗಳವಾಡುತ್ತಲೇ ನಡೆದವಳು ಬಾಗಿಲ ಬೀಗಕ್ಕೆ ಕೀಲಿ ಹಾಕಿ ನಿಂತುಬಿಟ್ಟಳು. ಬೇರೆಯವರ ಮಾತನ್ನು ಜರಡಿ ಹಿಡಿಯುವವಳು ತನ್ನ ಮಾತನ್ನು ಯಾಕೆ ಹಿಡಿಯಬಾರದು? ಅಪ್ಪ ಬರಲಿಲ್ಲ ಎಂಬುದಕ್ಕೆ ತನ್ನಲ್ಲಿರುವ ಸಾಕ್ಷಿಯಾದರೂ ಏನು? ಅವತ್ತು ಸಂಜೆ ಅವಳು ಮನೆಗೆ ಬಂದಾಗ ಬಾಗಿಲಿಗೆ ಬೀಗವಿತ್ತು. ಅಪ್ಪ ಬಂದದ್ದು ಆಮೇಲೆ. ದಿನವಿಡೀ ಎಲ್ಲಿ ಹೋಗಿದ್ದೆ ಎಂದು ಅವನು ಕೇಳಲಿಲ್ಲ. ಕೇಳದಿದ್ದದ್ದೇ ಪುಣ್ಯ ಎಂದು ಅವಳು ಅವತ್ತು ಸುಮ್ಮನಾಗಿದ್ದಳು. ಇನ್ನು ಆ ಬಿಳಿ ಅಂಗಿ. ಆ ಭಾನುವಾರ ಯಾರ ಮನೆಯ ಮದುವೆಯೂ ಇರಲಿಲ್ಲ. ತೊಟ್ಟಿಲ್ಲದ ಅಂಗಿ ಒಗೆಯುವ ಬಕೆಟ್ಟಿಗೆ ಹೇಗೆ ಬಂತು?

ಅಂಗಿ ಇನ್ನೂ ಇತ್ತು. ಅಟ್ಟದ ಮೇಲೆ ಹಳೆಯ ಕಂಬಳಿಗೆ ಸುತ್ತಿಟ್ಟಿದ್ದಳು. ಸ್ಟೂಲು ಹತ್ತಿ ಗಂಟನ್ನು ಇಳಿಸಿ, ಬಿಚ್ಚಿ, ಅಂಗಿಯನ್ನು ಕಿಟಕಿಯ ಬೆಳಕಿಗೆ ಹಿಡಿದಳು. ಕಣ್ಣೀರು ತುಂಬಿಕೊಂಡು ಕಂಡ ಬಟ್ಟೆಯನ್ನು ಅವತ್ತು ಅವಳು ಸರಿಯಾಗಿ ನೋಡಿರಲೇ ಇಲ್ಲ. ಬಕೆಟ್ಟಿನಲ್ಲಿ ಒಂದರ ಬಣ್ಣ ಇನ್ನೊಂದಕ್ಕೆ ಹತ್ತಿದ್ದರೆ ಎಲ್ಲೆಂದರಲ್ಲಿ ಮಚ್ಚೆ ಬೀಳಬೇಕಿತ್ತು. ತೋಳು, ಕಾಲರು, ಮುಂಭಾಗ ಎಲ್ಲ ಹಾಲಿನಂತೆ ಸ್ವಚ್ಛ. ಬೆನ್ನಿನ ಮೇಲೆ ಮಾತ್ರ, ಒಂದು ಭುಜದಿಂದ ಇನ್ನೊಂದು ಭುಜಕ್ಕೆ, ಸ್ಕೇಲಿಟ್ಟು ಎಳೆದ ಹಾಗೆ ಮೂರು ಹಸಿರು ಪಟ್ಟಿ. ಬೆಂಚಿನ ಮೂರು ಹಲಗೆ. ಒರಗಿ ತುಂಬಾ ಹೊತ್ತು ಕೂತವನ ಬೆನ್ನು ಅದು.

ಅವಳು ಅಂಗಿ ಹಿಡಿದುಕೊಂಡು ಮಂಚದ ಮೇಲೆ ಕೂತಳು. ಪಕ್ಕದ ಮನೆಯವರು ಅಪ್ಪನ ಕಿವಿಗೂ ಒಂದು ಮಾತು ಹಾಕಿರಬೇಕು. ಅವನು ಹಿಂದಿನಿಂದ ಬಂದು ಬೆನ್ನಿಗೆ ಬೆನ್ನು ಮಾಡಿ ಕೂತಿದ್ದಾನೆ. ಬೈಯಲು ಬರುವವನು, ಎಳೆದೊಯ್ಯಲು ಬರುವವನು ಮದುವೆಮನೆಯ ಅಂಗಿ ತೊಟ್ಟು ಬರುತ್ತಾನೆಯೇ? ಮಾತು ಬಾರದ ಮನುಷ್ಯ, ಮಗನಿಗೆ ಬಾ ಎಂದು ಹೇಳುವುದು ಹೇಗೆಂದು ತಿಳಿಯದೆ ಇದ್ದದ್ದರಲ್ಲಿ ಒಳ್ಳೆಯ ಬಟ್ಟೆ ಹಾಕಿಕೊಂಡು ಬಂದಿದ್ದಾನೆ. ಮೂವರೂ ಒಂದೇ ಕಡೆ ಸೇರಿದ್ದರು. ಅಮ್ಮ ಹೋದ ಮೇಲೆ ಮನೆಯವರೆಲ್ಲ ಹಾಗೆ ಒಟ್ಟಿಗೆ ಇದ್ದದ್ದು ಅದೊಂದೇ ಸಲವಿರಬೇಕು, ಅದೂ ಮುಖ ನೋಡದೆ. ಅಷ್ಟು ವರ್ಷ ಒಂದೇ ಸೂರಿನಡಿ ಗಂಜಿ ಬಡಿಸಿ, ಮಾತ್ರೆ ಕೊಟ್ಟು, ಕೊನೆಗೆ ಕಣ್ಣು ಮುಚ್ಚಿಸಿದ ಮಗಳಿಗೆ ಅಪ್ಪ ಇದನ್ನು ಹೇಳಲಿಲ್ಲ. ಹೋಗ್ಲಿ ಬಿಡು ಎಂದ, ಅಷ್ಟೇ. ಅವಳು ಅಂಗಿಗೆ ಮುಖ ಒತ್ತಿ ಜೋರಾಗಿಯೇ ಅತ್ತಳು. ಕೇಳುವವರು ಯಾರೂ ಇಲ್ಲದ ಮನೆಯ ಒಂದೇ ಅನುಕೂಲ ಅದು.

ಮಾರನೆಯ ಬೆಳಗ್ಗೆ ಅವಳು ಮೇಡಂ ಮುಂದೆ ಹೋಗಿ ಕೂತು, ಅದು ಬೇಲಿ, ಹಾಕಿದವಳು ನಾನು ಎಂದಳು. ಬೇಲಿ ಎಂದರೇನೆಂದು ಬಿಡಿಸಿ ಹೇಳಬೇಕಾಯಿತು. ಮಾವನವರು ಸೊಸೆಗೂ ಹೇಳಿರಲಿಲ್ಲ. ಮೇಡಂ ಮೊದಲು ನಕ್ಕಳು, ಆಮೇಲೆ ಹುಮ್ಮಸ್ಸಿಗೆ ಬಂದಳು. ಹಾಗಾದರೆ ಕಳ್ಳರು ಬಿದ್ದರಲ್ಲ, ಇವತ್ತೇ ವಕೀಲರ ನೋಟೀಸು ಕಳಿಸೋಣ, ಆ ಪುಟವನ್ನು ತೆಗೆಸಿಹಾಕೋಣ ಎಂದು ಫೋನು ಎತ್ತಿಕೊಂಡಳು.

"ನಮ್ಮ ಕೋಶದಿಂದ ಇವತ್ತೇ ಕಿತ್ತುಹಾಕ್ತೀನಿ ಮೇಡಂ, ನನ್ನ ಕೈಯಿಂದಲೇ. ಆದ್ರೆ ಆ ಕಳ್ಳರನ್ನ ಇದೊಂದು ಸಲ ಬಿಟ್ಟುಬಿಡಿ," ಎಂದಳು ಅಕ್ಕ.

ಕೆಲಸಕ್ಕೆ ಸೇರಿದಾಗಿನಿಂದ ಒಂದು ದಿನ ರಜೆಯನ್ನೂ ಬಾಯಿಬಿಟ್ಟು ಕೇಳದವಳು ಹೀಗೆ ಕೇಳಿದ್ದಕ್ಕೆ ಮೇಡಂ ಫೋನು ಕೆಳಗಿಟ್ಟಳು. ಅಕ್ಕ ತನ್ನ ಚೀಲದಿಂದ ಅಂಗಿಯನ್ನು ತೆಗೆದು ಮೇಜಿನ ಮೇಲೆ ಹರಡಿ, ಇದ್ದದ್ದನ್ನು ಇದ್ದಹಾಗೆ ಹೇಳಿದಳು. ಹೆಚ್ಚು ಹೊತ್ತು ಹಿಡಿಯಲಿಲ್ಲ. ಅವಳ ಜೀವಮಾನದ ಕಥೆ ಅಷ್ಟೇ ಚಿಕ್ಕದಿತ್ತು. ಮೇಡಂ ಹಸಿರು ಪಟ್ಟಿಗಳನ್ನು ಬೆರಳಿನಿಂದ ಮುಟ್ಟಿ ನೋಡಿದಳು.

"ಅವರು ಬರೆದು ನಾಲ್ಕು ವರ್ಷ ಆಯ್ತು ಅಂದ್ರಲ್ಲ ಅಕ್ಕ, ಇನ್ನೂ ನೋಡ್ತಿರ್ತಾರಾ?"

"ಗೊತ್ತಿಲ್ಲ."

ಮೇಡಂ ತನ್ನ ಕುರ್ಚಿಯಿಂದ ಎದ್ದು, ಕಂಪ್ಯೂಟರನ್ನು ಅಕ್ಕನ ಕಡೆ ತಿರುಗಿಸಿದಳು. ಮೊದಲು ಉತ್ತರ ಬರೆಯಿರಿ, ನೋಟೀಸಿನ ಮಾತು ಆಮೇಲೆ ಎಂದು ಹೇಳಿ, ಬಾಗಿಲೆಳೆದುಕೊಂಡು ಹೊರಗೆ ಹೋದಳು.

ಅಕ್ಕ ಬರೆಯಲು ಕೂತಳು. ಅಳಿಸಿದಳು, ಮತ್ತೆ ಬರೆದಳು. ಕೊನೆಗೆ ಉಳಿದದ್ದು ಇಷ್ಟು.

"ಮೇಲಿನವರು ಹೇಳಿದ ಕೊನೆಯೂ ಪೂರ್ತಿ ಅಲ್ಲ. ಅವರು ಕಂಬದ ಹಿಂದಿನಿಂದ ನೋಡಿದ್ದಾರೆ, ನಾನು ಬೆಂಚಿನಿಂದ ನೋಡಿದ್ದೇನೆ. ತಂಗಿ ಯಾರನ್ನೂ ಕರೆತಂದಿರಲಿಲ್ಲ. ಬೆನ್ನ ಹಿಂದೆ ಅಪ್ಪ ಇದ್ದದ್ದು ಅವಳಿಗೆ ಗೊತ್ತಾದದ್ದು ನಿನ್ನೆ. ಅಪ್ಪ ಜಗಳಕ್ಕೆ ಬಂದಿರಲಿಲ್ಲ. ಒಳ್ಳೆಯ ಅಂಗಿ ಹಾಕಿಕೊಂಡು ಬಂದಿದ್ದ, ಬೆನ್ನಿಗೆ ಬಣ್ಣ ಹತ್ತುವಷ್ಟು ಹೊತ್ತು ಕೂತಿದ್ದ. ಅಂಗಿ ನನ್ನ ಹತ್ತಿರ ಇದೆ, ಬಂದು ನೋಡಬಹುದು. ಅಪ್ಪ ಈಗ ಇಲ್ಲ. ಬಾತುಕೋಳಿ ಎರಡು ಸಲ ದಾಟಿದ್ದು ಹೌದು."

ಅದರ ಕೆಳಗೆ ಮನೆಯ ವಿಳಾಸ ಹಾಕಿದಳು. ಹೆಸರಿನ ಜಾಗದಲ್ಲಿ ಪುಟ್ಟಿ ಎಂದು ಬರೆದಳು. ಯಾರೂ ಕರೆಯದೆ ಎಷ್ಟೋ ಕಾಲವಾಗಿದ್ದ ಹೆಸರು ಅದು.

ಕಳಿಸುವ ಗುಂಡಿ ಒತ್ತಿದರೆ ಬರಹ ಹೋಗಲಿಲ್ಲ. ಆ ಕಳ್ಳ ವೆಬ್‌ಸೈಟಿಗೂ ಅದರದ್ದೇ ಒಂದು ನಿಯಮವಿತ್ತು. ಪರದೆಯ ಮೇಲೆ ಒಂದು ಪ್ರಶ್ನೆ ಬಂದು ನಿಂತಿತು. ಈ ಚಿತ್ರವನ್ನು ನೀವು ನಿಜವಾಗಿಯೂ ನೋಡಿದ್ದೀರಾ?

ಇಷ್ಟು ವರ್ಷ ಎದುರಿನ ಕುರ್ಚಿಯವರಿಗೆ ತಾನು ಕೇಳುತ್ತಿದ್ದ ಪ್ರಶ್ನೆಯನ್ನು ಅಕ್ಕ ಮತ್ತೊಮ್ಮೆ ಓದಿದಳು. ಆಮೇಲೆ ಹೌದು ಎಂಬುದನ್ನು ಒತ್ತಿದಳು.